ಕಾಸರಗೋಡು ಜಿಲ್ಲಾ ಜನಗಣತಿ ಕೈಪಿಡಿ 2011: ಅಡಿಕೆ ಬೆಳೆಗಾರ ಯಾವ ಕಾಲಂನಲ್ಲಿದ್ದಾನೆ?

ಜಿಲ್ಲೆಯ ಜನಸಂಖ್ಯೆ ಹಿಡಿದು ಮನವಿ, ಪ್ರಬಂಧ, ಪಂಚಾಯತ್ ಯೋಜನೆ ಏನೇ ಬರೆಯಹೊರಟರೂ ಕಡೆಗೆ ಬಿಚ್ಚಬೇಕಾದದ್ದು ಈ ಕೈಪಿಡಿಯನ್ನೇ. ಜನಗಣತಿ ಇಲಾಖೆಯ ಜಾಲತಾಣದಲ್ಲಿ ಪುಕ್ಕಟೆ ಸಿಗುತ್ತದೆ, ಇಂಗ್ಲಿಷಿನಲ್ಲಿದೆ. ‘ಎ’ ಭಾಗದಲ್ಲಿ ಊರೂರಿನ ಶಾಲೆ, ಆಸ್ಪತ್ರೆ, ಅಂಚೆ, ಬಸ್ಸಿನ ವಿವರ. ‘ಬಿ’ ಭಾಗದಲ್ಲಿ ಗ್ರಾಮವಾರು ತಲೆಲೆಕ್ಕ. ಹೆಚ್ಚಿನವರಿಗೆ ಬೇಕಾಗುವುದು ‘ಬಿ’. ಅದೇ ಅಂಕಿಗಳು ಎಕ್ಸೆಲ್‌ನಲ್ಲೂ ಇರುವುದರಿಂದ ಪಿಡಿಎಫ್ ನೋಡಿ ಕೈಯಲ್ಲಿ ನಕಲು ಮಾಡುತ್ತಾ ಕೂರಬೇಡಿ.

ಜಿಲ್ಲೆಯ ಮೊತ್ತ 13,07,375. ಗಂಡಸರು 6,28,613, ಹೆಂಗಸರು 6,78,762. ಸಾವಿರ ಗಂಡಸರಿಗೆ 1,080 ಹೆಂಗಸರು. 2001ರಲ್ಲಿ 12,04,078 ಇತ್ತು. ಇಲ್ಲಿಯವರೆಗೆ ತೊಡಕಿಲ್ಲ. ಜಿಲ್ಲೆಯಿಂದ ಕೆಳಗಿಳಿದಾಗಲೇ ಲೆಕ್ಕ ತಪ್ಪುವುದು.

ಈಗ ನಾಲ್ಕು ತಾಲೂಕುಗಳಿವೆ: ಮಂಜೇಶ್ವರ, ಕಾಸರಗೋಡು, ಹೊಸದುರ್ಗ, ವೆಳ್ಳರಿಕುಂಡ್. ಪುಸ್ತಕದಲ್ಲಿ ಇರುವುದು ಕಾಸರಗೋಡು, ಹೊಸದುರ್ಗ ಎರಡೇ. ಉಳಿದೆರಡು ಆಮೇಲೆ ಆದವು. ಹಾಗಾಗಿ ಪುಸ್ತಕದ ‘ಕಾಸರಗೋಡು ತಾಲೂಕು’ ಎಂಬ ಮೊತ್ತದಲ್ಲಿ ಇಂದಿನ ಮಂಜೇಶ್ವರವೂ ಅಡಗಿದೆ. ಮಂಜೇಶ್ವರದ್ದು ಮಾತ್ರ ಬೇಕಿದ್ದರೆ ಆ ತಾಲೂಕಿನ ಗ್ರಾಮಗಳ ಪಟ್ಟಿ ಎದುರಿಟ್ಟುಕೊಂಡು, ಒಂದೊಂದೇ ಸಾಲು ಹೆಕ್ಕಿ ಕೂಡಿಸಬೇಕು. ಕೂಡಿಸಬೇಕಾದದ್ದು ತಲೆಗಳನ್ನು; ಶೇಕಡಾವಾರು ಅಂಕಿಗಳನ್ನು ಕೂಡಿಸಿ ಸರಾಸರಿ ತೆಗೆದರೆ ಚಿಕ್ಕ ಊರಿಗೂ ದೊಡ್ಡ ಊರಿಗೂ ಒಂದೇ ತೂಕ ಬಂದು ಉತ್ತರ ಕೆಡುತ್ತದೆ. ಪಂಚಾಯತಿಗೂ ಇದೇ ದಾರಿ, ಏಕೆಂದರೆ ಸಾಲುಗಳಿರುವುದು ಕಂದಾಯ ಗ್ರಾಮದ ಹೆಸರಲ್ಲಿ. ಎಣ್ಮಕಜೆ ಪಂಚಾಯತಿನ ಲೆಕ್ಕ ಬೇಕೆಂದು ‘ಎಣ್ಮಕಜೆ’ ಒಂದನ್ನೇ ಎತ್ತಿಕೊಂಡರೆ ಪಡ್ರೆ, ಶೇಣಿ, ಕಾಟುಕುಕ್ಕೆ ಬಿಟ್ಟುಹೋಗುತ್ತವೆ. ಹುಡುಕುವಾಗ ಗ್ರಾಮದ ಕೋಡ್ ಸಂಖ್ಯೆಯನ್ನೇ ನಂಬಿ. ಇಂಗ್ಲಿಷ್ ಅಕ್ಷರದಲ್ಲಿ ‘ಬೇಳ’ ಎಂಬ ಊರಿನ ಹೆಸರಿನ ದೀರ್ಘವೂ ಉಳಿಯುವುದಿಲ್ಲ, ‘ಳ’ವೂ ಉಳಿಯುವುದಿಲ್ಲ. ನಮ್ಮ ಊರಿನ ಹೆಸರುಗಳು ಹೀಗೆ ಸವೆಯುವುದು ನೋಡಿದರೆ ಸಂಕಟವಾಗುತ್ತದೆ.

ಪೇಟೆ-ಹಳ್ಳಿ ವಿಂಗಡಣೆಯೂ ದಾರಿ ತಪ್ಪಿಸಬಲ್ಲದು. ನಗರಸಭೆ ಇರುವುದು ಕಾಸರಗೋಡು, ಕಾಞಂಗಾಡ್, ನೀಲೇಶ್ವರ ಮೂರೇ. ಆದರೂ ನೂರಕ್ಕೆ ಸುಮಾರು 39 ಮಂದಿ ಪೇಟೆಯವರೆಂದು ದಾಖಲಾಗಿದೆ. 5,000 ಜನ, ಚದರ ಕಿಲೋಮೀಟರಿಗೆ 400ರ ಸಾಂದ್ರತೆ, ದುಡಿಯುವ ಗಂಡಸರಲ್ಲಿ ಮುಕ್ಕಾಲು ಪಾಲು ಬೇಸಾಯದ ಹೊರಗೆ: ಇಷ್ಟಿದ್ದರೆ ಪಂಚಾಯತ್ ಆಡಳಿತದ ಊರೂ ‘ಸೆನ್ಸಸ್ ಟೌನ್’. ಕೂಡ್ಲು, ಕುಂಜತ್ತೂರು ಆ ಪಟ್ಟಿಯಲ್ಲಿವೆ.

ಇನ್ನು ಅಡಿಕೆ. ಬದಿಯಡ್ಕ, ನೀರ್ಚಾಲು ಕಡೆಯ ಗ್ರಾಮಗಳ ಸಾಲಿನಲ್ಲಿ ‘ಕೃಷಿಕರು’ ಕಾಲಂ ನೋಡಿ ಇಲ್ಲಿ ಕೃಷಿಯೇ ಇಲ್ಲವೆಂದು ತೀರ್ಮಾನಿಸಬೇಡಿ. ಜನಗಣತಿಯ ವ್ಯಾಖ್ಯೆಯಲ್ಲಿ ಚಹಾ, ಕಾಫಿ, ರಬ್ಬರ್, ತೆಂಗು, ಅಡಿಕೆ ತೋಟದ ಬೆಳೆಗಳು. ಅವುಗಳನ್ನು ಬೆಳೆಯುವವನು ‘ಕೃಷಿಕ’ನಲ್ಲ, ‘ಇತರ ಕೆಲಸಗಾರ’. ಗದ್ದೆ ಮುಚ್ಚಿ ಅಡಿಕೆ ಸಸಿ ನೆಟ್ಟವನು ಅದೇ ಜಾಗದಲ್ಲಿ ದುಡಿಯುತ್ತಿದ್ದರೂ ಕಾಲಂ ಬದಲಾಗಿಬಿಡುತ್ತದೆ. ಅಡಿಕೆ ಬೆಳೆಗಾರರ ಪರವಾಗಿ ಮನವಿ ಬರೆಯುವವರು ಈ ಒಂದು ವಿಷಯವನ್ನು ಅಡಿಗೆರೆ ಹಾಕಿಟ್ಟುಕೊಳ್ಳಬೇಕು.

ಸಾಕ್ಷರತೆ ಲೆಕ್ಕ ಹಾಕುವಾಗ ಒಟ್ಟು ಜನಸಂಖ್ಯೆಯಿಂದ 0–6 ವಯಸ್ಸಿನ ಮಕ್ಕಳನ್ನು ಕಳೆದು ಭಾಗಿಸಿ. ಇಲ್ಲದಿದ್ದರೆ ಮಕ್ಕಳು ಹೆಚ್ಚಿರುವ ಊರು ಸುಮ್ಮನೆ ಹಿಂದುಳಿದಂತೆ ಕಾಣುತ್ತದೆ.

ಪರಿಶಿಷ್ಟ ಪಂಗಡದ ಕಾಲಂ ಬಳಸುವವರಿಗೆ ಇನ್ನೊಂದು ಎಚ್ಚರಿಕೆ. ಮರಾಟಿ ಸಮುದಾಯ 2003ರಲ್ಲಿ ಪಟ್ಟಿಯಿಂದ ಹೊರಬಿತ್ತು, ಮತ್ತೆ ಸೇರಿದ್ದು 2013ರಲ್ಲಿ. ಗಣತಿ ನಡೆದದ್ದು ಈ ನಡುವೆ. ಆದ್ದರಿಂದ ಆ ಕಾಲಂನಲ್ಲಿ ಮರಾಟಿಗಳಿಲ್ಲ. ಅದೇ ಸಂಖ್ಯೆ ಹಿಡಿದು ಇವತ್ತಿನ ಅನುದಾನ ಲೆಕ್ಕ ಹಾಕಿದರೆ ಗಡಿಭಾಗದ ಎಷ್ಟೋ ಮನೆಗಳು ಹೊರಗುಳಿಯುತ್ತವೆ.

ಕೈಪಿಡಿಯ ದೊಡ್ಡ ಕೊರತೆ ಭಾಷೆ. ಗ್ರಾಮವಾರು ಮನೆಮಾತಿನ ಅಂಕಿ ಎರಡೂ ಭಾಗಗಳಲ್ಲಿ ಇಲ್ಲ. ಜಿಲ್ಲಾಮಟ್ಟದ ಲೆಕ್ಕಕ್ಕೆ ಸಿ-16 ಎಂಬ ಬೇರೆ ಕೋಷ್ಟಕವನ್ನೇ ನೋಡಬೇಕು. ಅಲ್ಲಿ ಜಿಲ್ಲೆಯಲ್ಲಿ ತುಳು ನೂರಕ್ಕೆ ಸುಮಾರು 9, ಕನ್ನಡ ಸುಮಾರು 4. ಮನೆಯಲ್ಲಿ ತುಳು, ಕೊಂಕಣಿ, ಮರಾಠಿ ಆಡಿ ಕನ್ನಡ ಶಾಲೆಯಲ್ಲಿ ಕಲಿತವರು ಈ 4ರಲ್ಲಿ ಬರುವುದಿಲ್ಲ. ಕನ್ನಡ ಬಲ್ಲವರೇ ಇಷ್ಟು ಎಂದು ಇದನ್ನು ಉಲ್ಲೇಖಿಸುವುದು ಶುದ್ಧ ತಪ್ಪು. 2011ರ ನಮೂನೆಯಲ್ಲಿ ಮನೆಮಾತಿನ ಜೊತೆಗೆ ಗೊತ್ತಿರುವ ಇನ್ನೆರಡು ಭಾಷೆಗಳನ್ನು ಬರೆಸಲು ಕಾಲಂ ಇತ್ತು. ತುಳು ಮನೆಯವರ ಕನ್ನಡ ಕಾಣಬೇಕಾದದ್ದು ಅಲ್ಲಿ.