ಒಂದು ಟೋಪಿ, ಒಂದು ಕೋಟು: ಆರೊಲ್ಸನ್ ಆರ್ಕೈವ್ಸ್ ಜೊತೆ ಎರಡು ವರ್ಷ

ನಾಜಿ ಸರ್ಕಾರ ಹಿಡಿದು ತಂದು ದುಡಿಸಿಕೊಂಡ ಜನರ ಬಗ್ಗೆ ನನ್ನ ಸಂಶೋಧನೆ. ಹಾಗಾಗಿ ಎರಡು ವರ್ಷದಿಂದ ಬೆಳಿಗ್ಗೆ ಕಾಫಿ ಜೊತೆ ತೆರೆಯುವುದು ಆರೊಲ್ಸನ್ ಆರ್ಕೈವ್ಸ್‌ನ ಆನ್‌ಲೈನ್ ಸಂಗ್ರಹವನ್ನೇ.

ಜರ್ಮನಿಯ ಬಾಡ್ ಆರೊಲ್ಸನ್ ಒಂದು ಸಣ್ಣ ಊರು. ಯುದ್ಧದಲ್ಲಿ ಕಾಣೆಯಾದವರನ್ನು ಹುಡುಕಿಕೊಡಲು ಅಲ್ಲಿ ಬೆಳೆದ ಕಚೇರಿ ಇದು. ಸುಮಾರು 1.75 ಕೋಟಿ ಜನರ ಮಾಹಿತಿ ಇಲ್ಲಿದೆ. 2007ರವರೆಗೆ ಸಂಶೋಧಕರಿಗೆ ಬಾಗಿಲು ಮುಚ್ಚಿತ್ತು. ಈಗ ಮನೆಯಲ್ಲೇ ಕೂತು ಹೆಸರು ಟೈಪ್ ಮಾಡಿದರಾಯಿತು, ಒಂದು ಕಾಸೂ ಬೇಡ.

ಆದರೆ ಯಾವ ಹೆಸರು? ಗುಮಾಸ್ತ ಕಿವಿಗೆ ಕೇಳಿಸಿದ ಹಾಗೆ ಬರೆದುಕೊಂಡಿರುತ್ತಾನೆ. ಪೋಲೆಂಡಿನ ಒಬ್ಬನೇ ಮನುಷ್ಯ ಮೂರು ಕಾಗದದಲ್ಲಿ ಮೂರು ಥರ ಇರುತ್ತಾನೆ. ಇಲ್ಲಿನ ಹಳೆಯ ಹೆಸರಿನ ಕಾರ್ಡುಗಳನ್ನು ಉಚ್ಚಾರಣೆ ನೋಡಿಕೊಂಡು ಜೋಡಿಸಿದ್ದು ಸುಮ್ನೆ ಅಲ್ಲ. ಹೊಸಬರಿಗೆ ನನ್ನ ಸಲಹೆ: ಹುಟ್ಟಿದ ದಿನಾಂಕ ಗೊತ್ತಿದ್ದರೆ ಅದನ್ನೂ ಹಾಕಿ ಹುಡುಕಿ. ಇನ್ನೊಂದು, ಇದು ಮನೆಯವರಿಗಾಗಿ ಕಟ್ಟಿದ ಸಂಗ್ರಹ. ಒಬ್ಬ ವ್ಯಕ್ತಿಯನ್ನು ಕೇಳಿದರೆ ಬೇಗ ಸಿಗುತ್ತಾರೆ. ಒಂದು ಕಾರ್ಖಾನೆಯನ್ನು ಕೇಳಿದರೆ ಒದ್ದಾಡಬೇಕು.

ನನಗೆ ಇಲ್ಲಿ ಎಲ್ಲಕ್ಕಿಂತ ಬೆಲೆಬಾಳುವುದು ಇ-ಗೈಡ್, ಅಂದರೆ ಹಳೆಯ ಕಾಗದಗಳನ್ನು ಓದುವುದು ಹೇಗೆಂದು ತಿಳಿಸುವ ಅವರದೇ ಆನ್‌ಲೈನ್ ಕೈಪಿಡಿ. ಮೊದಲು ಒಂದು ಅನುವಾದ ಸಂಸ್ಥೆಗೆ ದುಡ್ಡು ಕೊಟ್ಟು ನಾಜಿ ಸೆರೆ ಕ್ಯಾಂಪುಗಳ ಜರ್ಮನ್ ಕಾರ್ಡುಗಳನ್ನು ಓದಿಸಿದ್ದೆ. ಸಂಕ್ಷಿಪ್ತ ಅಕ್ಷರ ಬಂದಲ್ಲೆಲ್ಲ ಖಾಲಿ ಬಿಟ್ಟು ಕಳಿಸಿದ್ದರು! ಇ-ಗೈಡ್‌ನಲ್ಲಿ ಮಾದರಿ ಕಾರ್ಡಿನ ಒಂದೊಂದು ಜಾಗ ಒತ್ತಿದರೂ ವಿವರಣೆ ತೆರೆಯುತ್ತದೆ. 'ಯೂಬರ್ಸ್ಟ್.' ಅಂದರೆ ಬೇರೆ ಕ್ಯಾಂಪಿಗೆ ಸಾಗಿಸಿದ್ದು, 'ಗೆಸ್ಟ್.' ಅಂದರೆ ಸತ್ತದ್ದು. ನಾನು ಆರು ತಿಂಗಳು ಸತ್ತವನೆಂದು ಲೆಕ್ಕ ಹಾಕಿದ್ದ ಒಬ್ಬನನ್ನು ಆವತ್ತು ಸತ್ತವರ ಪಟ್ಟಿಯಿಂದ ಹೊಡೆದುಹಾಕಿದೆ. ಅವನನ್ನು ಇನ್ನೊಂದು ಕ್ಯಾಂಪಿನ ಕಾಗದಗಳಲ್ಲಿ ಹುಡುಕಬೇಕಿತ್ತು.

ಬುಖೆನ್‌ವಾಲ್ಡ್ ಕ್ಯಾಂಪಿನ ಸಾಮಾನು ಕಾರ್ಡುಗಳನ್ನು ಮಾತ್ರ ನಾನು ಬೇಗ ದಾಟಲಾರೆ. ಬಂದವರಿಂದ ಕಿತ್ತುಕೊಂಡ ಬಟ್ಟೆಯ ಲೆಕ್ಕ ಅದು. ಟೋಪಿ, ಕೋಟು, ಪ್ಯಾಂಟು, ಬೂಟು ಎಂದು ಸಾಲಾಗಿ ಅಚ್ಚು ಹಾಕಿದೆ, ಪಕ್ಕದಲ್ಲಿ ಗುಮಾಸ್ತನ ಅಂಕಿ. ಕೆಳಗೆ ಲೆಕ್ಕ ಸರಿ ಇದೆ ಅಂತ ಕೈದಿಯದೇ ಸಹಿ! ಕೊಲ್ಲುವ ಜಾಗದಲ್ಲೂ ರಸೀದಿ ಬೇಕಿತ್ತು, ಅಲ್ವಾ? ಸ್ಕ್ಯಾನ್ ಚೆನ್ನಾಗಿದೆ. ದೊಡ್ಡದು ಮಾಡಿದರೆ ಮಸಿ ಹರಡಿದ ಗುರುತೂ ಕಾಣುತ್ತದೆ.

ವಾಚು, ಉಂಗುರ, ಫೋಟೋ ಇಂಥ ಕೈದಿಗಳ ಪುಟ್ಟ ಸಾಮಾನು ಕೆಲವು ಇನ್ನೂ ಬಾಡ್ ಆರೊಲ್ಸನ್‌ನಲ್ಲೇ ಇವೆ. ಹೆಚ್ಚಿನವು ನೊಯೆನ್‌ಗಾಮೆ ಕ್ಯಾಂಪಿನಿಂದ ಬಂದವು. ಒಂದೊಂದನ್ನೇ ಮನೆಯವರನ್ನು ಹುಡುಕಿ ಕೊಡುತ್ತಿದ್ದಾರೆ. ನನ್ನ ಕೆಲಸಕ್ಕೆ ಆ ಸಾಮಾನುಗಳ ಆನ್‌ಲೈನ್ ಪುಟ ಬೇಕಾಗಿಲ್ಲ. ಆದರೂ ತಿಂಗಳಿಗೊಮ್ಮೆ ತೆರೆದು, ನನ್ನ ಪಟ್ಟಿಯ ಹೆಸರು ಯಾವುದಾದರೂ ಇದೆಯಾ ಅಂತ ನೋಡುತ್ತೇನೆ.