ಒಡವೆ ಸಾಲದ ತಕರಾರಿಗೆ ಹೈಕೋರ್ಟಲ್ಲಿ ರಿಟ್ ಹಾಕೋಣ ಅಂದ್ರೆ ದಯವಿಟ್ಟು ಒಪ್ಕೋಬೇಡಿ

ಮಂಡ್ಯ ಕಡೆಯವ್ರು, ಅದ್ರಲ್ಲೂ ಖಾಸಗಿ ಫೈನಾನ್ಸಲ್ಲಿ ಚಿನ್ನ ಅಡ ಇಟ್ಟಿರೋರು ಇದನ್ನ ಪೂರ್ತಿ ಓದಿ. ನಮ್ಮತ್ತಿಗೆ ಒಡವೆ ಹೋಯ್ತು, ಇನ್ನೊಬ್ರದ್ದು ಹೋಗದ್ ಬೇಡ.

ಅಣ್ಣ ಬೋರ್ ಕೊರೆಸೋಕೆ ಅಂತ ಅತ್ತಿಗೆಯ ಎರಡೆಳೆ ಸರ, ನಾಲ್ಕು ಬಳೆ ಮದ್ದೂರಲ್ಲಿ ಒಂದು ಖಾಸಗಿ ಕಂಪನಿಲಿ ಇಟ್ಟಿದ್ದ, ಕಬ್ಬಿನ ದುಡ್ಡು ಲೇಟಾಗಿ ಬಡ್ಡಿ ನಿಂತೋಯ್ತು. ಹರಾಜಿನ ನೋಟಿಸು ಹಳೇ ಬಾಡಿಗೆ ಮನೆ ಅಡ್ರೆಸ್ಸಿಗೆ ಹೋಗಿ ವಾಪಸ್ ಬಂದಿತ್ತಂತೆ, ನಮಗೆ ಗೊತ್ತಾಗಿದ್ದೇ ಪೇಪರಲ್ಲಿ ಬಂದ ಲೋನ್ ನಂಬರ್‌ಗಳ ಉದ್ದುದ್ದ ಪಟ್ಟಿನ ಯಾರೋ ಫೋಟೋ ತೆಗ್ದು ಕಳಿಸ್ದಾಗ. ಕೈಸಾಲ ಮಾಡಿ ದುಡ್ಡು ಹಿಡ್ಕೊಂಡು ಬ್ರಾಂಚಿಗೆ ಹೋದ್ರೆ ಕೌಂಟರಲ್ಲಿದ್ದ ಹುಡುಗ ‘ಅಣ್ಣ, ಹೆಡ್ ಆಫೀಸಿಂದ ಅಕೌಂಟು ಲಾಕ್ ಆಗೈತೆ, ನಾವು ಕಟ್ಟಿಸ್ಕೊಳಕ್ಕಾಗಲ್ಲ’ ಅಂದ.

ಆವಾಗ ಪರಿಚಯದೋರು ಒಬ್ಬ ವಕೀಲರ ಹತ್ರ ಕರ್ಕೊಂಡೋದ್ರು. ಸಿವಿಲ್ ಕೋರ್ಟಾದ್ರೆ ವರ್ಷಗಟ್ಲೆ ಅಲೀಬೇಕು, ರಿಟ್ ಅಂತ ನೇರವಾಗಿ ಹೈಕೋರ್ಟಿಗೇ ಅರ್ಜಿ ಹಾಕಿದ್ರೆ ಮೊದಲ್ನೇ ದಿನವೇ ಸ್ಟೇ ಸಿಗುತ್ತೆ, ಆರ್‌ಬಿಐನೂ ಎದುರು ಪಾರ್ಟಿ ಮಾಡಿದ್ರೆ ಕೇಸು ಗಟ್ಟಿಯಾಗುತ್ತೆ ಅಂದ್ರು ಅವರು. ಫೀಸು ಕಟ್ಟಿ ಕಾದ್ವಿ, ಆಫೀಸ್ ಆಬ್ಜೆಕ್ಷನ್, ಅಂದ್ರೆ ಅರ್ಜಿಲಿ ಕೋರ್ಟ್ ಆಫೀಸಿನವ್ರು ತೋರಿಸಿದ ತಪ್ಪು, ಸರಿಮಾಡೋದ್ರಲ್ಲೇ ಎಷ್ಟೋ ದಿನ ಹೋಯ್ತು. ಕೊನೆಗೆ ಕೇಸು ಕರೆದಾಗ ಜಡ್ಜ್ ಕೇಳಿದ್ದು ಒಂದೇ: ಇದು ಖಾಸಗಿ ಕಂಪನಿ, ಇದ್ರ ಮೇಲೆ ರಿಟ್ ಹೆಂಗೆ ನಿಲ್ಲುತ್ತೆ? ಆರ್‌ಬಿಐ ಮೇಲೆ ನಿಮ್ದೇನು ದೂರು? ವಕೀಲರ ಹತ್ರ ಉತ್ತರ ಇರ್ಲಿಲ್ಲ. ಅರ್ಜಿ ವಜಾ. ಅಷ್ಟ್ರಲ್ಲಿ ಹರಾಜು ಮುಗ್ದೋಗಿತ್ತು, ಯಾಕಂದ್ರೆ ಅರ್ಜಿ ಹಾಕಿದ ಮಾತ್ರಕ್ಕೆ ಯಾವ್ದೂ ನಿಲ್ಲಲ್ಲ, ಕೇಸು ಮುಗಿಯೋಕ್ ಮುಂಚೆನೇ ತಡೆ ಕೊಡೋ ಮಧ್ಯಂತರ ಆದೇಶ ಬೇಕು. ಅತ್ತಿಗೆ ಇವತ್ತಿಗೂ ಮದುವೆ ಮುಂಜಿಗೆ ಬರಲ್ಲ ಅಂತಾರೆ.

ಇದು ಆ ಜಡ್ಜ್ ಒಬ್ರ ಅಭಿಪ್ರಾಯ ಅಲ್ಲ. ಸಂವಿಧಾನದ 226ನೇ ವಿಧಿ ಕೆಳಗೆ ರಿಟ್ ಅನ್ನೋದು ಮುಖ್ಯವಾಗಿ ಸರ್ಕಾರ, ಸರ್ಕಾರಿ ಸಂಸ್ಥೆಗಳ ಮೇಲೆ, ಇಲ್ಲಾ ಸಾರ್ವಜನಿಕ ಕರ್ತವ್ಯ ಮಾಡೋರ ಮೇಲೆ, ಅದೂ ಆ ಕರ್ತವ್ಯದ ಮಟ್ಟಿಗೆ. ಇಬ್ಬರ ಮಧ್ಯೆ ಆಗಿರೋ ಕರಾರಿನ ಜಗಳಕ್ಕಲ್ಲ. ಖಾಸಗಿ ಬ್ಯಾಂಕಿಗೆ ಆರ್‌ಬಿಐ ನಿಯಮ ಇದೆ ಅಂದ ಮಾತ್ರಕ್ಕೆ ಅದ್ರ ಮೇಲೆ ರಿಟ್ ನಡೆಯಲ್ಲ ಅಂತ ಸುಪ್ರೀಂ ಕೋರ್ಟ್ 2003ರಲ್ಲೇ ಫೆಡರಲ್ ಬ್ಯಾಂಕ್ ಕೇಸಲ್ಲಿ ಹೇಳೈತೆ. 2025ರ ಜನವರಿಲಿ ನಮ್ಮ ಕರ್ನಾಟಕದಿಂದಲೇ ಹೋಗಿದ್ದ ಕೇಸಲ್ಲಿ ಖಾಸಗಿ ಫೈನಾನ್ಸ್ ಕಂಪನಿಗೂ ಇದೇ ಮಾತು ಅಂತು. ಎದುರಿಗಿರೋದು ಸರ್ಕಾರಿ ಪ್ರಾಧಿಕಾರ ಆದ್ರೆ ಕರಾರಿನ ವಿಷಯದಲ್ಲೂ ಕೆಲವೊಮ್ಮೆ ರಿಟ್ ನಿಲ್ಲುತ್ತೆ, ಆ ಮಾತೇ ಬೇರೆ.

ನನಗೆ ಹೊಟ್ಟೆ ಉರಿಯೋದು ಏನಕ್ಕೆ ಅಂದ್ರೆ, ಊರಲ್ಲೇ ದಾರಿ ಇತ್ತು. ಕಾಂಟ್ರಾಕ್ಟ್ ಆಕ್ಟ್ ಸೆಕ್ಷನ್ 176ರ ಪ್ರಕಾರ ಅಡ ಇಟ್ಕೊಂಡೋರು ಸರಿಯಾಗಿ ನೋಟಿಸ್ ಕೊಟ್ಟೇ ಮಾರ್ಬೇಕು, ಸಾಲಕ್ಕಿಂತ ಜಾಸ್ತಿ ಬಂದಿದ್ದನ್ನ ನಮಗೆ ಕೊಡ್ಬೇಕು. ಸೆಕ್ಷನ್ 177ರಲ್ಲಿ ಮಾರಾಟ ಆಗೋ ಕ್ಷಣದವರೆಗೂ ದುಡ್ಡು ಕಟ್ಟಿ ಬಿಡಿಸ್ಕೊಳ್ಳೋ ಹಕ್ಕಿದೆ. ಕೈಯಲ್ಲಿ ದುಡ್ಡಿತ್ತು! ಅವತ್ತೇ ಮದ್ದೂರು ಸಿವಿಲ್ ಕೋರ್ಟಲ್ಲಿ ದಾವೆ ಹಾಕಿ, ದುಡ್ಡು ಡೆಪಾಸಿಟ್ ಮಾಡ್ತೀವಿ ಹರಾಜು ತಡೀರಿ ಅಂತ ತಾತ್ಕಾಲಿಕ ತಡೆಯಾಜ್ಞೆ ಕೇಳೋಕೆ ಅವಕಾಶ ಇತ್ತು. ಅದನ್ನ ಯಾರೂ ಹೇಳ್ಲಿಲ್ಲ.

ಯಾವ ವಕೀಲರಾದ್ರೂ ರಿಟ್ ಅಂದ್ರೆ, ಎದುರುಗಡೆಯವ್ರು ಹೆಂಗೆ ‘ಸ್ಟೇಟ್’ (ಅಂದ್ರೆ ಸರ್ಕಾರ, ಸರ್ಕಾರಿ ಸಂಸ್ಥೆ) ಆಗ್ತಾರೆ ಅಂತ ಫೀಸು ಕೊಡೋಕ್ ಮುಂಚೆನೇ ಕೇಳಿ. ಕಂಪನಿಗೆ ಲಿಖಿತವಾಗಿ ದೂರು ಕೊಡಿ, ಸ್ವೀಕೃತಿ ಇಟ್ಕೊಳ್ಳಿ, 30 ದಿನದಲ್ಲಿ ಉತ್ತರ ಬರ್ಲಿಲ್ಲಾಂದ್ರೆ ಗ್ರಾಹಕರ ದೂರು ಕೇಳೋ ಆರ್‌ಬಿಐ ಒಂಬುಡ್ಸ್‌ಮನ್‌ಗೆ ಹೋಗ್ಬೋದು, ಫೀಸಿಲ್ಲ. ಆದ್ರೆ ಹರಾಜು ನಾಳೆ ನಾಡಿದ್ದು ಅಂದ್ರೆ ಅದನ್ನ ನಂಬ್ಕೊಂಡು ಕೂರ್ಬೇಡಿ, ಕೋರ್ಟಿಗೇ ಹೋಗಿ. ಜಿಲ್ಲಾ ಗ್ರಾಹಕರ ಆಯೋಗಕ್ಕೆ 2 ವರ್ಷದೊಳಗೆ ಹೋಗ್ಬೇಕು.

ನಾವೀಗ ಹರಾಜಿನ ಲೆಕ್ಕ ಕೊಡಿ ಅಂತ ಬರೆದುಕೊಟ್ಟು ಪರಿಹಾರಕ್ಕೆ ಸಿವಿಲ್ ದಾವೆ ತಯಾರು ಮಾಡ್ತಿದೀವಿ. ರಿಟ್ ವಜಾ ಮಾಡಿದ ಆದೇಶದಲ್ಲಿ ‘ಬೇರೆ ಪರಿಹಾರ ಪಡೆಯಬಹುದು’ ಅಂತ ಬರ್ದಿದ್ರೆ ಅರ್ಧ ಗೆದ್ದಂಗೆ ಅಂತ ಕೆಲವ್ರು ಅನ್ಕೋತಾರೆ, ಹಂಗೇನಿಲ್ಲ, ಕೇಸು ಮೊದ್ಲಿಂದ ಶುರು ಆಗ್ಬೇಕು. ಈಗಾಗ್ಲೇ ರಿಟ್ ಹಾಕಿ ವಜಾ ಆಗಿರೋರು ಅರ್ಜಿ ಹಾಕಿದ ತಾರೀಖು, ಆದೇಶದ ಸರ್ಟಿಫೈಡ್ ಕಾಪಿ ಎರಡೂ ಜೋಪಾನ ಮಾಡಿ. ಪ್ರಾಮಾಣಿಕವಾಗಿ ಬೇರೆ ಕೋರ್ಟಲ್ಲಿ ಕಳೆದ ಸಮಯನ ಲಿಮಿಟೇಷನ್ ಆಕ್ಟ್ (ಕೇಸು ಹಾಕೋ ಗಡುವಿನ ಕಾನೂನು) ಸೆಕ್ಷನ್ 14ರಲ್ಲಿ ಬಿಟ್ಟು ಲೆಕ್ಕ ಹಾಕಿ ಅಂತ ಕೇಳೋಕೆ ಅವೆರಡೂ ಬೇಕೇ ಬೇಕು.