ಕೋರ್ಟ್ ಆದೇಶ ಇದ್ದೂ ಅಲೆಯುವವರಿಗೆ: ಧಾರವಾಡದ ನನ್ನ ವಕೀಲರ ಬಗ್ಗೆ

ನಾನು ನಿವೃತ್ತ ಹೈಸ್ಕೂಲ್ ಶಿಕ್ಷಕಿ. ನನ್ನ ಬಾಕಿ ಪಿಂಚಣಿ ಕೊಡಿ ಎಂದು ಹೈಕೋರ್ಟಿನ ಧಾರವಾಡ ಪೀಠ ಆದೇಶ ಮಾಡಿತ್ತು. ಆದೇಶದ ದೃಢೀಕೃತ ಪ್ರತಿ (ಸರ್ಟಿಫೈಡ್ ಕಾಪಿ) ಇಲಾಖೆಯ ಕೈಸೇರಿದ ಮೂರು ತಿಂಗಳೊಳಗೆ ಕೊಡಬೇಕಿತ್ತು. ಏಳು ತಿಂಗಳಾದರೂ ಒಂದು ಪೈಸೆ ಬರಲಿಲ್ಲ. ಕಚೇರಿಗೆ ಹೋದಾಗಲೆಲ್ಲ "ಫೈಲ್ ಮ್ಯಾಲೆ ಹೋಗೇತ್ರಿ ಅಕ್ಕೋರ" ಅನ್ನೋದೇ ಉತ್ತರ. ಗೆದ್ದ ಮೇಲೂ ಬೇಡಬೇಕಲ್ಲ ಎಂದು ರಾತ್ರಿ ನಿದ್ದೆ ಬರುತ್ತಿರಲಿಲ್ಲ. ಆಗ ನನ್ನ ಜೊತೆ ಕೆಲಸ ಮಾಡಿದವರೊಬ್ಬರು ಈ ವಕೀಲರ ಹತ್ತಿರ ಕಳಿಸಿದರು.

ಅವರು ಮೊದಲು ಕೇಳಿದ್ದು ಒಂದೇ ಮಾತು. "ಸರ್ಟಿಫೈಡ್ ಕಾಪಿ ಅವರಿಗೆ ಯಾವತ್ತ ಮುಟ್ಟೇತಿ? ಪುರಾವೆ ಐತೇನ್ರಿ?"

ಚೀಲ ತಡಕಿ ರಿಜಿಸ್ಟರ್ ಪೋಸ್ಟಿನ ಸ್ವೀಕೃತಿ ಕಾರ್ಡ್ ತೆಗೆದೆ. ಮಡಚಿ ಮಡಚಿ ಅದರ ಮೂಲೆ ಹರಿದಿತ್ತು. ಕಚೇರಿಯ ದುಂಡು ಸೀಲು ಅರ್ಧ ಮೂಡಿತ್ತು, ತಾರೀಖು ಮಾತ್ರ ನಿಚ್ಚಳವಾಗಿತ್ತು. ಅವರು ಗೋಡೆಯ ಕ್ಯಾಲೆಂಡರ್ ತೆಗೆದು ಅಲ್ಲಿಂದ ಮೂರು ತಿಂಗಳು ಎಣಿಸಿದರು. ಗಡುವು ಮುಗಿದ ದಿನಕ್ಕೆ ಗುರುತು ಹಾಕಿ, ಅಲ್ಲಿಂದ ಒಂದು ವರ್ಷದ ತಾರೀಖನ್ನು ನನ್ನ ಫೈಲಿನ ಮೇಲೆ ದಪ್ಪಗೆ ಬರೆದರು. ಕೋರ್ಟ್ ಆದೇಶವನ್ನು ಬೇಕಂತಲೇ ಪಾಲಿಸದಿದ್ದರೆ ಅದು ನ್ಯಾಯಾಂಗ ನಿಂದನೆ (ಕಂಟೆಂಪ್ಟ್). 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 20ನೇ ಕಲಂ ಪ್ರಕಾರ ಆ ಒಂದು ವರ್ಷದೊಳಗೇ ಕೋರ್ಟಿಗೆ ಹೋಗಬೇಕಂತೆ. ಇವತ್ತು ಕೊಡ್ತೀವಿ, ನಾಳೆ ಕೊಡ್ತೀವಿ ಎಂಬ ಮಾತು ನಂಬಿ ಎಷ್ಟು ಜನ ಈ ವರ್ಷವನ್ನೇ ಕಳೆದುಕೊಂಡಿದ್ದಾರೋ! ನಾನೂ ಕಳೆದುಕೊಳ್ಳುತ್ತಿದ್ದೆ.

ಸುಮ್ನೆ ಆಸೆ ಹುಟ್ಟಿಸಲಿಲ್ಲ, ಅದು ನನಗೆ ಜಾಸ್ತಿ ಹಿಡಿಸಿತು. ಶಿಕ್ಷೆ ಆರು ತಿಂಗಳವರೆಗೆ ಸಾದಾ ಜೈಲು, ಅಥವಾ 2,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಆದರೆ ಬೇಕಂತಲೇ ಆದೇಶ ಮೀರಿದ್ದಾರೆ ಎಂದು ತೋರಿಸಬೇಕು. ತಪ್ಪೊಪ್ಪಿ ಕ್ಷಮೆ ಕೇಳಿದರೆ ಕೋರ್ಟ್ ಬಿಡಲೂಬಹುದು. "ಸಾಹೇಬ್ರನ್ನ ಜೈಲಿಗೆ ಕಳಸೋದಲ್ರಿ, ನಿಮ್ಮ ರೊಕ್ಕ ತರೋದು ನಮ್ಮ ಕೆಲಸ" ಎಂದರು. ನನ್ನ ಸಿಟ್ಟು ಅಲ್ಲೇ ಅರ್ಧ ಇಳಿಯಿತು.

ಮೊದಲು ನೋಟಿಸ್ ಕೊಟ್ಟರು. ಉತ್ತರ ಬರದಿದ್ದಾಗ ಕಂಟೆಂಪ್ಟ್ ಅರ್ಜಿ ಹಾಕಿದರು. ಮೂರನೇ ವಿಚಾರಣೆಯ ದಿನ ಸರ್ಕಾರಿ ವಕೀಲರು ಪಿಂಚಣಿ ಮಂಜೂರಾತಿ ಪತ್ರದ ಜೊತೆ ಅಫಿಡವಿಟ್ ತಂದರು. ಆದೇಶ ಪಾಲನೆಯಾಗಿದೆ ಎಂದು ದಾಖಲಿಸಿ ಪೀಠ ಕೇಸ್ ಮುಗಿಸಿತು. ಪಾಸ್‌ಬುಕ್ ಎಂಟ್ರಿ ಮಾಡಿಸಿದ ದಿನ ಬ್ಯಾಂಕಿನ ಬೆಂಚಿನ ಮೇಲೆ ಕೂತು ಅತ್ತುಬಿಟ್ಟೆ.

ಒಂದು ಬೇಸರವಿದೆ. ಮೂಲ ಆದೇಶದಲ್ಲಿ ಬಡ್ಡಿಯ ಮಾತೇ ಇರಲಿಲ್ಲ. ಕಂಟೆಂಪ್ಟ್‌ನಲ್ಲಿ ಅದನ್ನು ಹೊಸದಾಗಿ ಕೇಳಲು ಬರುವುದಿಲ್ಲವಂತೆ. ಇದನ್ನು ಅವರು ಕೊನೆಗೆ ಹೇಳಿದರು, ಮೊದಲ ದಿನವೇ ಹೇಳಬೇಕಿತ್ತು ಅಲ್ವಾ? ಫೋನೂ ಸಂಜೆ ಆರರ ನಂತರವೇ ಎತ್ತುವುದು. ಆಫೀಸು ಎರಡನೇ ಮಹಡಿಯಲ್ಲಿದೆ, ಲಿಫ್ಟ್ ಇಲ್ಲ, ನನ್ನಂಥ ಮಂಡಿನೋವಿನವರಿಗೆ ಕಷ್ಟ.

ಫೀಸು ಎರಡು ಕಂತಿನಲ್ಲಿ ತೆಗೆದುಕೊಂಡು ಎರಡಕ್ಕೂ ರಸೀದಿ ಕೊಟ್ಟರು. ಹೋಗುವವರು ಆದೇಶದ ಕೊನೆಯ ಪುಟ ಎರಡು ಸಲ ಓದಿಕೊಂಡು ಹೋಗಿ. ಸ್ವೀಕೃತಿ ಕಾರ್ಡ್ ಮರೆಯಬೇಡಿ.